ಕಳೆದುಹೋಗಿದ್ದ ಜಗಳ

ನನಗೆ ವೈರಾಗ್ಯ ಬಂದಾಗ ಮನೆಯವರಿಗೆಲ್ಲ ಬಹಳ ಸಂತೋಷವಾಗಿತ್ತು, ನಮ್ಮ ಅತ್ತೆಯೊಬ್ಬರನ್ನು ಬಿಟ್ಟು.

ವೈರಾಗ್ಯ ಎಂದರೆ ಕಾವಿ ಉಟ್ಟು ಮನೆಬಿಟ್ಟು ಹೊರಟೆ ಅಂತಲ್ಲ. ಬ್ಯಾಡಗಿಯ ನಮ್ಮ ಮನೆಯಲ್ಲೇ, ಮುಂದಿನ ಕೋಣೆಯಲ್ಲಿ ಖಾರ ಕುಟ್ಟುವ ಗಿರಣಿ ಧಡಧಡ ಎನ್ನುತ್ತಿರುವಾಗಲೇ, ನಾನು ಜಗಳ ಆಡುವುದನ್ನು ನಿಲ್ಲಿಸಿಬಿಟ್ಟೆ. ಇದು ಎಂಥ ದೊಡ್ಡ ಸುದ್ದಿ ಎಂದು ತಿಳಿಯಬೇಕಾದರೆ ನಾನು ಮೊದಲು ಹೇಗಿದ್ದೆ ಎಂಬುದನ್ನು ಹೇಳಬೇಕು.

ನನ್ನ ಹೆಸರು ಸುವರ್ಣಾ. ತವರು ಹಾವೇರಿ ಹತ್ತಿರದ ಅಗಡಿ. ಮದುವೆಯಾಗಿ ಬ್ಯಾಡಗಿಗೆ ಬಂದ ವರ್ಷವೇ ಬೇಸಿಗೆಯಲ್ಲಿ ಅತ್ತೆ ನನಗೆ ವರ್ಷದ ಮಸಾಲೆ ಖಾರ ಮಾಡಲು ಹೇಳಿದರು. ನಮ್ಮ ಕಡೆ ಅದೊಂದು ಪರೀಕ್ಷೆ ಇದ್ದಂತೆ. ಮೆಣಸಿನಕಾಯಿಯ ತೊಟ್ಟು ಮುರಿದು, ಬಿಸಿಲಿಗೆ ಹಾಕಿ, ಕೊತ್ತಂಬರಿ ಬೀಜ, ಜೀರಿಗೆ, ಒಣಕೊಬ್ಬರಿ, ಬೆಳ್ಳುಳ್ಳಿ ಎಲ್ಲವನ್ನೂ ಹದವಾಗಿ ಹುರಿದು ಕುಟ್ಟಿ ಭರಣಿ ತುಂಬಿದರೆ ವರ್ಷವಿಡೀ ಅದೇ ಪಲ್ಯಕ್ಕೆ, ಅದೇ ಸಾರಿಗೆ. ನಾನು ಎರಡು ದಿನ ಬೆವರು ಸುರಿಸಿ ಮಾಡಿದೆ. ಅತ್ತೆ ಬಂದು ಒಂದು ಚಿಟಿಕೆ ಬಾಯಿಗೆ ಹಾಕಿಕೊಂಡು, ಓಣಿಯ ಹೆಂಗಸರೆಲ್ಲ ನಿಂತಿದ್ದಾಗ ಅಂದರು: "ಇದನ್ನ ಎಮ್ಮಿಗೂ ಹಾಕಬ್ಯಾಡ್ರಿ, ಹಾಲ ಕೊಡೂದು ಬಿಟ್ಟೀತು."

ಅಂದಿನಿಂದ ಶುರುವಾದದ್ದು ನಮ್ಮಿಬ್ಬರ ಜಗಳ. ಒಲೆ, ನೀರು, ರೊಟ್ಟಿ, ಬಾಗಿಲು, ಬೆಕ್ಕು, ಯಾವುದಾದರೂ ಸರಿ, ನಮಗೆ ಒಂದು ನೆಪ ಸಿಕ್ಕರೆ ಸಾಕಿತ್ತು. ಆದರೆ ಒಂದು ಮಾತು. ಇಬ್ಬರೂ ಒಬ್ಬರನ್ನೊಬ್ಬರು ಬಿಟ್ಟು ಉಂಡವರಲ್ಲ. ಜಗಳ ಮುಗಿಯದಿದ್ದರೆ ತಾಟು ಮುಂದಿಟ್ಟುಕೊಂಡೇ ಮುಂದುವರಿಸುತ್ತಿದ್ದೆವು. ನಮ್ಮ ಮನೆಯವರು ಪಾಪ ಸಾಧು ಮನುಷ್ಯ. ನಮ್ಮ ದನಿ ಏರಿತೆಂದರೆ ಎದ್ದು ಹೋಗಿ ಖಾಲಿ ಗಿರಣಿಯನ್ನೇ ಚಾಲೂ ಮಾಡಿಬಿಡುತ್ತಿದ್ದರು. ಓಣಿಯವರು ಆ ಸದ್ದು ಕೇಳಿ, "ಖಾರ ಕುಟ್ಟಾಕತ್ತಾರೋ, ಅತ್ತಿ ಸೊಸಿ ಕುಟ್ಟಾಕತ್ತಾರೋ" ಎಂದು ನಗುತ್ತಿದ್ದರು.

ಇಂಥ ನಾನು ಸುಮ್ಮನಾದೆ. ಒಂದೇ ದಿನಕ್ಕಲ್ಲ. ದೀಪದ ಎಣ್ಣೆ ತೀರಿದ ಹಾಗೆ, ನಿಧಾನವಾಗಿ, ಎರಡು ವರ್ಷ ಹಿಡಿಯಿತು. ಅದು ಶುರುವಾದ ವರ್ಷ ಶ್ರಾವಣದಲ್ಲಿ ಮಠದಲ್ಲಿ ಸಂಜೆ ಪ್ರವಚನ ಇತ್ತು. ಪಕ್ಕದ ಮನೆಯ ಗಂಗವ್ವ ಕರೆದಳೆಂದು ತಿಂಗಳಿಡೀ ಹೋಗಿದ್ದೆ. ಸಿಟ್ಟು ಬಿಡಬೇಕು, ಆಸೆ ಬಿಡಬೇಕು, ಮಾತು ಕಡಿಮೆ ಮಾಡಬೇಕು ಎಂದು ಸ್ವಾಮಿಗಳು ಹೇಳುತ್ತಿದ್ದರು. ನನ್ನದು ಮೂರೂ ಕಡಿಮೆಯಾಗುತ್ತ ಬಂತು. ಲೆಕ್ಕ ಸರಿಹೋಯಿತಲ್ಲ! ಪ್ರವಚನದ ಫಲ ಎಂದು ಊರೇ ತೀರ್ಮಾನಿಸಿತು. ಗಂಗವ್ವ ತನ್ನ ಸೊಸೆಯನ್ನು ಜುಲುಮೆಯಿಂದ ಮಠಕ್ಕೆ ಎಳೆದೊಯ್ದಳು. "ಸುವರ್ಣಕ್ಕನಂಥಾಕಿನ ತಣ್ಣಗಾಗ್ಯಾಳಂದ್ರ ನೀ ಯಾವ ಗಿಡದ ತೊಪ್ಪಲ" ಎಂದು ಆ ಹುಡುಗಿಗೆ ಅಂದಳಂತೆ.

ನಮ್ಮ ಮನೆಯವರು ಬೀಗರ ಮುಂದೆಲ್ಲ ಹೇಳಿಕೊಂಡರು: "ನಮ್ಮಾಕಿಗೆ ಈಗ ಶಾಂತಿ ಸಿಕ್ಕೈತ್ರಿ."

ಒಳಗಿನಿಂದ ಅದು ಹೇಗಿತ್ತು ಎಂದು ಈಗ ಎಲ್ಲರೂ ಕೇಳುತ್ತಾರೆ. ದುಃಖವಿತ್ತೇ? ಇಲ್ಲ. ದುಃಖವಿದ್ದರೆ ಯಾರಿಗಾದರೂ ಹೇಳಿಕೊಳ್ಳುತ್ತಿದ್ದೆ. ನೋವೂ ಹೇಳಿಕೊಳ್ಳುವಂಥದ್ದಿರಲಿಲ್ಲ, ಆಗಾಗ ಹಣೆ ಭಾರವೆನಿಸುತ್ತಿತ್ತು, ಅಷ್ಟೇ. ಬೆಳಿಗ್ಗೆ ಎದ್ದು ಕುಳಿತರೆ ಕುಳಿತೇ ಇರುತ್ತಿದ್ದೆ. ಚಹಾ ಬೇಕು ಅನಿಸುತ್ತಿರಲಿಲ್ಲ, ಬೇಡ ಅಂತಲೂ ಅನಿಸುತ್ತಿರಲಿಲ್ಲ. ಕೊಟ್ಟರೆ ಕುಡಿಯುತ್ತಿದ್ದೆ. ರಾಣೆಬೆನ್ನೂರಿನ ತಂಗಿ ಶೋಭಾ ಫೋನಿನಲ್ಲಿ, "ಯಾಕಕ್ಕಾ ಹಿಂಗ ಕುಂತೀದಿ, ಸ್ವಲ್ಪ ಮನಸ್ಸ ಮಾಡು, ಏಳು" ಎನ್ನುತ್ತಿದ್ದಳು. ಮನಸ್ಸು ಮಾಡು ಎನ್ನುವುದು ಎಷ್ಟು ಸಲೀಸು! ಮಾಡುವವಳು ಒಳಗೆ ಇರಬೇಕಲ್ಲ. ಯಾರಾದರೂ ನಿಮ್ಮ ಮನೆಯಲ್ಲಿ ಹಾಗೆ ಕುಳಿತಿದ್ದರೆ ದಯವಿಟ್ಟು ಅವರಿಗೆ ಮನಸ್ಸು ಮಾಡು ಎನ್ನಬೇಡಿ. ಅದು ಕುಂಟನಿಗೆ ಓಡು ಎಂದ ಹಾಗೆ.

ಇನ್ನೊಂದು ಸಂಗತಿ ನನಗೇ ತಿಳಿಯದೆ ನಡೆದಿತ್ತು. ನನ್ನ ಮೂಗು ಹೋಗಿತ್ತು. ಮೆಣಸಿನಕಾಯಿಯ ಊರಿನಲ್ಲಿ ಇರುವವಳಿಗೆ ಇದು ತಿಳಿಯಲಿಲ್ಲವೇ ಎಂದರೆ, ಘಾಟು ತಿಳಿಯುತ್ತಿತ್ತು. ಕಣ್ಣಲ್ಲಿ ನೀರು, ಸೀನು, ಕೆಮ್ಮು ಎಲ್ಲ ಬರುತ್ತಿತ್ತು. ಉಳಿದವರು ಕೆಮ್ಮುವಾಗ ನಾನೂ ಕೆಮ್ಮುತ್ತಿದ್ದೆ, ಹಾಗಾಗಿ ಯಾರಿಗೂ ಸಂಶಯ ಬರಲಿಲ್ಲ. ಆದರೆ ನಮ್ಮ ಕಾಯಿಯ ಹೆಚ್ಚುಗಾರಿಕೆ ಇರುವುದು ಘಾಟಿನಲ್ಲಲ್ಲ, ಬಣ್ಣದಲ್ಲಿ ಮತ್ತು ಘಮದಲ್ಲಿ. ಆ ಘಮ ಯಾವತ್ತು ಹೋಯಿತೋ ನಾನು ಕಾಣೆ. ಹೋದದ್ದನ್ನು ಬೇಕೆನ್ನುವ ಆಸೆಯೂ ಅದರ ಜೊತೆಗೇ ಹೋಗಿದ್ದರಿಂದ ಹುಡುಕುವ ಗೋಜಿಗೇ ಹೋಗಲಿಲ್ಲ.

ಸಿಕ್ಕಿಬಿದ್ದದ್ದು ಬೇಸಿಗೆಯಲ್ಲಿ. ವರ್ಷದ ಖಾರ ಹುರಿಯುವಾಗ ಅತ್ತೆ ಯಾವಾಗಲೂ ಪಕ್ಕದಲ್ಲಿ ಕುಳಿತು ಮೂಗು ಅರಳಿಸಿ ಹುಕುಂ ಮಾಡುವವರು. ಆ ಸಲ ಅವರು ಐರಣಿಯಲ್ಲಿ ತಮ್ಮ ತಂಗಿಯ ಮೊಮ್ಮಗಳ ಮದುವೆಗೆ ಹೋಗಿದ್ದರು. ನಾನೊಬ್ಬಳೇ ಹುರಿದೆ. ಕೊಬ್ಬರಿ ಕರಿಯಾದದ್ದು ಕಣ್ಣಿಗೆ ಕಂಡಿರಬೇಕು. ಕಂಡರೂ ಏನೂ ಅನಿಸಲಿಲ್ಲ. ಕುಟ್ಟಿಸಿ ಭರಣಿ ತುಂಬಿ, ಒಂದು ಡಬ್ಬಿ ಹಾವೇರಿಯಲ್ಲಿರುವ ಮಗಳು ದೀಪಾಗೆ, ಒಂದು ರಾಣೆಬೆನ್ನೂರಿಗೆ ಕಳಿಸಿದೆ.

ಸುಟ್ಟ ಖಾರ. ಬಾಯಿಗಿಟ್ಟರೆ ಇದ್ದಿಲು. ಆದರೆ ಯಾರೂ ಒಂದು ಮಾತು ಆಡಲಿಲ್ಲ! ನಮ್ಮ ಮನೆಯವರು ಕಣ್ಣು ಮುಚ್ಚಿ ಉಂಡರು. ದೀಪಾ ಡಬ್ಬಿಯನ್ನು ಅಟ್ಟಕ್ಕೆ ಏರಿಸಿ ಅಂಗಡಿಯಿಂದ ಖಾರ ತಂದಳು, ಖಾರದ ಗಿರಣಿಯ ಮಗಳು! ಶೋಭಾ ಅದನ್ನು ಏನು ಮಾಡಿದಳೆಂದು ಇವತ್ತಿಗೂ ಬಾಯಿ ಬಿಟ್ಟಿಲ್ಲ. ಆಮೇಲೆ ಕೇಳಿದರೆ ಎಲ್ಲರದೂ ಒಂದೇ ಉತ್ತರ. "ನೀ ಎಷ್ಟ ಸಂಭಾವಿತಳಾಗಿದ್ದಿ, ಸುಮ್ಮನ ಯಾಕ ನಿನ್ನ ಶಾಂತಿ ಕೆಡಸೂದು ಅಂದ್ವಿ." ಮೊದಲು ನನ್ನ ಬಾಯಿಗೆ ಹೆದರುತ್ತಿದ್ದವರು ಈಗ ನನ್ನ ಶಾಂತಿಗೆ ಹೆದರಿದ್ದರು.

ಅತ್ತೆ ಐರಣಿಯಿಂದ ಬಂದರು. ಕಾಲು ತೊಳೆದು ಊಟಕ್ಕೆ ಕುಳಿತು ಮೊದಲ ತುತ್ತಿಗೇ ಕೈ ನಿಲ್ಲಿಸಿದರು. ಅವರ ಮುಖದಲ್ಲಿ ಒಂಥರಾ ಹುರುಪು ಬಂದದ್ದು ನನಗೆ ನೆನಪಿದೆ. ಸೊಂಟಕ್ಕೆ ಸೆರಗು ಸಿಕ್ಕಿಸಿಕೊಂಡು ಎದ್ದರು.

"ಯಾರ ಹುರದಾರ ಇದನ್ನ?"

"ನಾನ ಹುರದೇನ್ರಿ."

"ಸುಟ್ಟ ಬೂದಿ ಆಗೇತಿ! ನಾ ನಾಕ ದಿನ ಮನ್ಯಾಗ ಇಲ್ಲಂದ್ರ ವರ್ಷದ ಖಾರ ಹಾಳ ಮಾಡ್ತೀಯೇನು? ನಿಮ್ಮ ಅಗಡಿಯೊಳಗ ಇದಕ್ಕ ಖಾರ ಅಂತಾರೇನು?"

ತವರಿನ ಹೆಸರು ಎತ್ತಿದ್ದರು. ಅದು ನಮ್ಮ ಜಗಳದ ಬ್ರಹ್ಮಾಸ್ತ್ರ. ನಾನು ಅವರನ್ನು ನೋಡಿ ಅಂದೆ: "ಕೆಟ್ಟಿದ್ರ ಚೆಲ್ಲಿಬಿಡ್ರಿ."

"ಸುಡೂ ವಾಸನಿ ಬಡೀಲಿಲ್ಲೇನು ನಿನಗ?" ಎಂದರು ಅತ್ತೆ. ಆಮೇಲೆ ಅಡುಗೆಮನೆಗೆ ಹೋಗಿ ಇಂಗಿನ ಡಬ್ಬಿ ತಂದು, "ಕಣ್ಣ ಮುಚ್ಚು" ಎಂದು ನನ್ನ ಮೂಗಿಗೆ ಹಿಡಿದರು.

"ಏನಿದು, ಹೇಳು."

"ಏನೂ ಇಲ್ಲಲ್ರಿ."

ಅತ್ತೆ ಡಬ್ಬಿಯ ಮುಚ್ಚಳ ಹಾಕಿದರು. ನೇರ ಗಿರಣಿಗೆ ಹೋಗಿ ಮಗನಿಗೆ ಹೇಳಿದರು: "ಗಿರಣಿ ಬಂದ್ ಮಾಡು. ಇಕೀನ ದವಾಖಾನಿಗೆ ಕರಕೊಂಡ ನಡಿ."

"ಯವ್ವಾ, ಜಗಳ ಆಡಿದ್ರ ಬೈತಿದ್ದಿ. ಈಗ ಆಡದಿದ್ರ ದವಾಖಾನಿ ಅಂತೀಯಲ್ಲ!"

"ಮೂವತ್ತ ವರ್ಷ ನನ್ನ ಎದುರು ನಿಂತಾಕಿ ಅಕಿ. ಅಕಿ ಹೆಂಗದಾಳಂತ ನನಗ ಗೊತ್ತಿಲ್ಲೇನು? ಇಕಿ ಅಕಿ ಅಲ್ಲ. ನಮ್ಮಾಕಿ ಎಲ್ಲೋ ಹೋಗ್ಯಾಳ. ಹುಡುಕಿಸು."

ಬ್ಯಾಡಗಿಯ ಡಾಕ್ಟರು ನೆಗಡಿ ಇರಬೇಕೆಂದು ಮೊದಲು ಮೂಗಿಗೆ ಔಷಧ ಕೊಟ್ಟರು. ಕಡಿಮೆಯಾಗದಿದ್ದಾಗ ಅವರೇ ಮುತುವರ್ಜಿ ವಹಿಸಿ ಹಾವೇರಿಗೆ ಕಳಿಸಿ, ತಲೆಯ ಎಂಆರ್‌ಐ ಮಾಡಿಸಲು ಹೇಳಿದರು. ಅತ್ತೆ ತಾವೂ ಬರುವೆನೆಂದು ಹಟ ಹಿಡಿದು, ರೊಟ್ಟಿ, ಶೇಂಗಾ ಚಟ್ನಿ, ಮೊಸರಿನ ಬುತ್ತಿ ಕಟ್ಟಿಕೊಂಡು ಹೊರಟರು.

ಸ್ಕ್ಯಾನಿಂಗ್ ಮಾಡುವಲ್ಲಿ ಜನವೋ ಜನ. ಗೋಡೆಗೆ ಒಂದು ಟಿವಿ, ಅದಕ್ಕೆ ದನಿ ಇಲ್ಲ. ದೀಪಾ ಶಾಲೆಯಲ್ಲಿ ಪಾಠ ಹೇಳುವವಳು, ಅರ್ಧ ದಿನ ರಜೆ ಹಾಕಿ ಬಂದು ನನ್ನ ಕೈ ಹಿಡಿದು ಕುಳಿತಿದ್ದಳು. ನಾವು ಕುಳಿತ ಬೆಂಚಿನ ಮೇಲೆ ಒಬ್ಬಾಕೆ ತನ್ನ ಚೀಲ ಇಟ್ಟುಕೊಂಡಿದ್ದಳು. ಅತ್ತೆಗೆ ಕೂರಲು ಜಾಗವಿತ್ತು. ಆದರೂ ಶುರು ಮಾಡಿದರು.

"ಏನವ್ವಾ, ನಿನ್ನ ಚೀಲಕ್ಕೂ ತಲಿ ತೋರಸ್ಬೇಕೇನು? ಬೆಂಚಿನ ಮ್ಯಾಲ ಕುಂದ್ರಿಸೀದಿ?"

ಆಕೆಯೂ ಕಡಿಮೆಯವಳಲ್ಲ. "ನಿಮ್ಮ ಬುತ್ತಿ ಗಂಟಿಗಿಂತ ನನ್ನ ಚೀಲ ಸಣ್ಣದು ಐತಿ ಬಿಡ್ರಿ."

ಮಾತಿಗೆ ಮಾತು ಬೆಳೆಯಿತು. ಅತ್ತೆ ಪ್ರತಿ ಮಾತಿಗೂ ಒಮ್ಮೆ ನನ್ನ ಕಡೆ ತಿರುಗಿ ನೋಡುತ್ತಿದ್ದರು. ನಡುನಡುವೆ ಬೇಕೆಂದೇ ತಪ್ಪು ಮಾತಾಡಿ, ತಿದ್ದಲೆಂದು ಕಾಯುತ್ತಿದ್ದರು. ಮೊದಲಿನ ನಾನಾಗಿದ್ದರೆ ಅಷ್ಟೊತ್ತಿಗೆ ಆ ಹೆಂಗಸಿನ ಪರವಾಗಿ ನಿಂತು ಅತ್ತೆಯನ್ನೇ ತರಾಟೆಗೆ ತೆಗೆದುಕೊಂಡಿರುತ್ತಿದ್ದೆ. ನಾನು ದನಿಯಿಲ್ಲದ ಟಿವಿ ನೋಡುತ್ತ ಕುಳಿತಿದ್ದೆ. ಕಡೆಗೆ ಅತ್ತೆ ಸುಮ್ಮನಾದರು. ಸೆರಗಿನಿಂದ ಕಣ್ಣು ಒರೆಸಿಕೊಂಡರು. ಆ ಹೆಂಗಸು ಗಾಬರಿಯಾಗಿ ಚೀಲ ಕೆಳಗಿಟ್ಟು, "ಅಯ್ಯ, ಅಳಬ್ಯಾಡ್ರಿ ಆಯಿ, ಕುಂದ್ರಿ, ಚೀಲದ್ದೇನೈತಿ" ಎಂದಳು. ಆಮೇಲೆ ಅವಳೂ ಅತ್ತೆಯೂ ಒಂದೇ ಬುತ್ತಿಯಲ್ಲಿ ಉಂಡರು. ಆಕೆಯ ಗಂಡನಿಗೆ ಲಕ್ವ ಹೊಡೆದು ಮಾತು ನಿಂತಿತ್ತಂತೆ. ಎರಡು ಸುಮ್ಮನಾದ ಜೀವಗಳ ನಡುವೆ ಕುಳಿತು ಅವರಿಬ್ಬರೂ ಬೇಕಾದಷ್ಟು ಮಾತಾಡಿದರು.

ಎಂಆರ್‌ಐ ನೋಡಿ ದಾವಣಗೆರೆಯ ದೊಡ್ಡ ಡಾಕ್ಟರ ಹತ್ತಿರ ಹೋಗಬೇಕೆಂದರು. ಅವರು ತೆಳ್ಳಗಿನ, ಮೆಲುದನಿಯ ಮನುಷ್ಯ. ಕರಿ ಹಾಳೆಯನ್ನು ಬೆಳಕಿಗೆ ಹಿಡಿದು ತೋರಿಸಿದರು. ಮೂಗಿನ ಮೇಲೆ, ಹಣೆಯ ಹಿಂದೆ, ಒಂದು ನಿಂಬೆಹಣ್ಣು ಕುಳಿತಂತೆ ಗಡ್ಡೆ.

"ನೋಡಿ, ಇದು ಕ್ಯಾನ್ಸರಿನಂತೆ ಕಾಣುತ್ತಿಲ್ಲ. ಮೆದುಳಿನ ಹೊದಿಕೆಯಿಂದ ಬಹಳ ವರ್ಷಗಳಿಂದ ನಿಧಾನವಾಗಿ ಬೆಳೆದಿದೆ. ಇವರ ಸ್ವಭಾವದಲ್ಲಿ ಏನಾದರೂ ಬದಲಾವಣೆ ಕಂಡಿದ್ದೀರಾ?"

ನಮ್ಮ ಮನೆಯವರು ಉತ್ಸಾಹದಿಂದ ಹೇಳಿದರು: "ಹೌದ್ರಿ ಸಾಹೇಬ್ರ, ಭಾಳ ಚೊಲೊ ಆಗ್ಯಾಳ್ರಿ. ಸಿಟ್ಟಿಲ್ಲ, ಜಗಳಿಲ್ಲ. ಪ್ರವಚನಕ್ಕ ಹೋಗಿ ಹಂಗಾತ್ರಿ."

ಡಾಕ್ಟರು ಹಾಳೆಯ ಮೇಲಿನ ಗಡ್ಡೆಗೆ ಬೆರಳಿಟ್ಟರು. "ಅದು ಪ್ರವಚನ ಅಲ್ಲ, ಯಜಮಾನರೇ. ಇದು. ಬೇಕು ಬೇಡ ಅನ್ನೋದು, ಹುರುಪು, ಸಿಟ್ಟು, ಇವಕ್ಕೆಲ್ಲ ಮೆದುಳಿನ ಮುಂಭಾಗ ಬೇಕು. ಗಡ್ಡೆ ಅದನ್ನ ಒತ್ತಿಕೊಂಡು ಕೂತಿದೆ."

ನಮ್ಮ ಮನೆಯವರ ಮುಖ ನೋಡಬೇಕಿತ್ತು. ಎರಡು ವರ್ಷ ಊರಿಗೆಲ್ಲ ಹೇಳಿಕೊಂಡು ಹಿಗ್ಗಿದ ಶಾಂತಿ ಆ ಕರಿ ಹಾಳೆಯ ಮೇಲೆ ಬೆಳ್ಳಗೆ ಕಾಣುತ್ತಿತ್ತು. ಅತ್ತೆ ಮಾತ್ರ ಮುಂದೆ ಬಾಗಿ ಕೇಳಿದರು: "ಅದನ್ನ ತಗದ್ರ ನಮ್ಮಾಕಿ ಬರ್ತಾಳೇನ್ರಿ?"

"ತೆಗೆಯಲೇಬೇಕು, ಬಿಟ್ಟರೆ ಕಣ್ಣಿಗೂ ಜೀವಕ್ಕೂ ತೊಂದರೆ. ವಾಸನೆ ತಿರುಗಿ ಬರೋದು ಕಷ್ಟ, ಆ ನರಗಳು ಹೋಗಿಬಿಟ್ಟಿವೆ. ಸ್ವಭಾವ ಬರಬಹುದು, ನಿಧಾನವಾಗಿ. ಎಷ್ಟು ಬರುತ್ತೆ ಅಂತ ನಾನು ಮಾತು ಕೊಡೋಕಾಗಲ್ಲ."

ನನ್ನನ್ನು ಕೇಳಿದರು. ನಾನು "ಮಾಡ್ರಿ" ಎಂದೆ. ಚಹಾ ಕುಡೀತೀಯಾ ಎಂದರೆ ಹೇಗೆ ಹೇಳುತ್ತಿದ್ದೆನೋ ಹಾಗೆ. ಭಯವೆನ್ನುವುದೂ ಒಂದು ದೊಡ್ಡ ಆಸ್ತಿ, ಅದು ನನ್ನ ಹತ್ತಿರ ಇರಲಿಲ್ಲ. ನನ್ನ ಪಾಲಿನ ಭಯವನ್ನೆಲ್ಲ ಉಳಿದವರು ಹಂಚಿಕೊಂಡರು. ಕೂದಲು ತೆಗೆಯುವಾಗ ದೀಪಾ ಅತ್ತಳು. ಆಪರೇಷನ್ನಿಗೆ ಒಳಗೆ ಕರೆದೊಯ್ಯುವಾಗ ನಮ್ಮ ಮನೆಯವರು ಡಾಕ್ಟರ ಎದುರು ಕೈ ಮುಗಿದು ನಿಂತು ಅಂದದ್ದು ನನಗೆ ಕೇಳಿಸಿತು. "ಸಾಹೇಬ್ರ, ಈ ಸಂಭಾವಿತಾಕಿ ನನಗ ಬ್ಯಾಡ್ರಿ. ನನ್ನ ಜಗಳಗಂಟೀನ ತಂದು ಕೊಡ್ರಿ. ಕಿವಿ ಹೋದ್ರ ಹೋಗ್ಲಿ."

ಆ ಮಾತು ಕೇಳಿದಾಗ ನನಗೆ ಏನೂ ಅನಿಸಲಿಲ್ಲ. ಈಗ ಇದನ್ನು ಬರೆಯುವಾಗ ಕಣ್ಣು ತುಂಬಿ ಬರುತ್ತಿದೆ. ಆವತ್ತು ಅನಿಸಬೇಕಾದದ್ದು ಈಗ ಅನಿಸುತ್ತಿದೆ, ಅದೇ ನನ್ನ ಪುಣ್ಯ.

ಆಪರೇಷನ್ ಚೆನ್ನಾಗಿ ಆಯಿತು. ಗಡ್ಡೆ ಕೆಟ್ಟದ್ದಲ್ಲವೆಂದು ಖಾತ್ರಿಯಾಯಿತು. ದಾವಣಗೆರೆಗೆ ಮತ್ತೆ ತೋರಿಸಲು ಹೋಗುವುದಿತ್ತಾದ್ದರಿಂದ ರಾಣೆಬೆನ್ನೂರಿನ ತಂಗಿಯ ಮನೆಯಲ್ಲಿ ಉಳಿದೆ. ಗಂಟೆಗೊಮ್ಮೆ ಬ್ಯಾಡಗಿಯಿಂದ ಅತ್ತೆಯ ಫೋನು. "ಏನಾರ ಅಂದ್ಲೇನು?" ಎಂದು ಶೋಭಾಳನ್ನು ಕೇಳುವುದು, "ಇಲ್ರಿ, ಸುಮ್ಮನ ಕುಂತಾಳ" ಎಂದು ಅವಳು ಹೇಳುವುದು. ಹೀಗೆ ವಾರಗಳು ಹೋದವು. ಎಲ್ಲರಿಗೂ ಆಸೆ ಕುಂದುತ್ತ ಬಂತು. ಮೋಡವಿದ್ದ ದಿನ ಹೊತ್ತು ಹುಟ್ಟಿದ್ದು ತಿಳಿಯುವುದಿಲ್ಲವಲ್ಲ, ನನ್ನೊಳಗೂ ಹಾಗೇ ನಡೆದಿರಬೇಕು.

ಒಂದು ಮುಂಜಾನೆ ಬಾಗಿಲಿಗೆ ತರಕಾರಿ ಗಾಡಿ ಬಂತು. ಹಲಗೇರಿ ಕಡೆಯ ಮನುಷ್ಯ, ತಲೆಗೆ ಟವೆಲ್ಲು ಸುತ್ತಿದವನು. ಶೋಭಾ ಹೀರೇಕಾಯಿ ಆರಿಸುತ್ತಿದ್ದಳು. ಪಡಸಾಲೆಯಲ್ಲಿ ತಲೆಗೆ ಬಟ್ಟೆ ಕಟ್ಟಿಕೊಂಡು ಕುಳಿತಿದ್ದ ನನಗೆ ಕಾಣುತ್ತಿತ್ತು.

"ಎಳೀವು ಅದಾವ್ರಿ ಅಕ್ಕಾರ, ಬೆಣ್ಣಿ ಇದ್ದಂಗ" ಎಂದ ಅವನು.

ಬೆಣ್ಣೆಯಂತೆ! ದೂರದಿಂದ ಕಾಣುತ್ತಿತ್ತು, ಏಣೆಲ್ಲ ಬಲಿತು ಕಟ್ಟಿಗೆಯಾಗಿತ್ತು. ಆಗ ನನ್ನ ಹೊಟ್ಟೆಯಲ್ಲಿ ಏನೋ ಬಿಸಿಯಾಯಿತು. ಅದು ಎದೆಗೆ ಬಂತು. ಎದೆಯಿಂದ ನಾಲಿಗೆಗೆ ಬಂತು. ನಾನು ಗೋಡೆ ಹಿಡಿದು ಎದ್ದು ಹೊಸ್ತಿಲಿಗೆ ಬಂದೆ.

"ಏನಂದಿ? ಎಳೀವು? ಇದರೊಳಗಿನ ನಾರು ತಗದು ಮೈ ತಿಕ್ಕೋಬೌದು! ನಿನ್ನ ಮನ್ಯಾಗ ಇದನ್ನ ಪಲ್ಯ ಮಾಡ್ತಾರೋ, ಮಂಚಕ್ಕ ಕಾಲ ಹಚ್ತಾರೋ? ನನ್ನ ತಂಗಿ ಸುಮ್ಮನ ತಗೋತಾಳಂತ ಏನ ಬೇಕಾದ್ದು ಹಚ್ತೀಯೇನು?"

ಶೋಭಾಳ ಕೈಯಿಂದ ಬುಟ್ಟಿ ಬಿತ್ತು. ಹೀರೇಕಾಯಿ ಅಂಗಳದ ತುಂಬ ಉರುಳಿದವು. ಅವಳು ಅವನ್ನು ಆರಿಸಲಿಲ್ಲ, ಒಳಗೆ ಓಡಿ ಫೋನು ತಂದಳು. "ಭಾವಾರ, ಜಗಳ ಆಡಾಕತ್ತಾಳ್ರಿ! ಅಕ್ಕ ಜಗಳ ಆಡಾಕತ್ತಾಳ!" ಆ ಕಡೆಯಿಂದ ನಮ್ಮ ಮನೆಯವರು ಕೂಗಿದ್ದು ನನಗೂ ಕೇಳಿಸಿತು: "ಫೋನ ಹಂಗ ಹಿಡಿ, ನಾನೂ ಕೇಳ್ತೇನಿ! ಯವ್ವಾ, ಲಗೂ ಬಾ!"

ಪಾಪ, ಆ ಹಲಗೇರಿಯವನಿಗೆ ತಲೆಬುಡ ತಿಳಿಯಲಿಲ್ಲ. ತಾನು ಬೈಸಿಕೊಳ್ಳುತ್ತಿದ್ದರೆ ಈ ಮನೆಯವರು ಯಾಕೆ ಅತ್ತು ನಗುತ್ತಿದ್ದಾರೆಂದು ಪಿಳಿಪಿಳಿ ನೋಡಿದ. ಶೋಭಾ ವಿಷಯ ಹೇಳಿದ ಮೇಲೆ ಟವೆಲ್ಲು ಬಿಚ್ಚಿ ಮುಖ ಒರೆಸಿಕೊಂಡು, "ಹಂಗಾದ್ರ ಇನ್ನೂ ಸ್ವಲ್ಪ ಬೈರಿ ಅಕ್ಕಾರ, ನಂದೇನ ಗಂಟ ಹೋಗ್ತೈತಿ" ಎಂದು ಒಂದು ಸಿವುಡು ಕೊತ್ತಂಬರಿಯನ್ನು ನನ್ನ ಕೈಗೆ ಹಾಗೇ ಕೊಟ್ಟ.

ನಾನು ಅದನ್ನು ಮೂಗಿಗೆ ಹಿಡಿದೆ. ಹಸಿರು ಕಂಡಿತು, ತಣ್ಣಗೆ ತಾಕಿತು, ವಾಸನೆ ಬರಲಿಲ್ಲ. ಆಗ ನನಗೆ ಅಳು ಬಂತು. ಘಮ ಹೋಯಿತಲ್ಲ, ಇನ್ನು ಬರುವುದಿಲ್ಲವಲ್ಲ ಎಂದು ಮೊದಲ ಸಲ ಹೊಟ್ಟೆ ಉರಿದು ಅತ್ತುಬಿಟ್ಟೆ. ಅಳುತ್ತ ಅಳುತ್ತ ಒಳಗೊಳಗೇ ಖುಷಿಯಾಯಿತು. ಬೇಕು ಅನಿಸಿತಲ್ಲ! ಸಿಗದಿದ್ದರೂ ಚಿಂತೆಯಿಲ್ಲ, ಬೇಕು ಎನ್ನುವವಳು ಮನೆಗೆ ಬಂದಿದ್ದಳು.

ಆಮೇಲೆ ದಿನದಿನಕ್ಕೂ ಒಂದೊಂದು ತಿರುಗಿ ಬಂತು. ಚಹಾದ ಚಪಲ ಬಂತು. ದೀಪಾಳ ಬಗ್ಗೆ ಕಾಳಜಿ ಬಂತು. ಆಪರೇಷನ್ನಿನ ಭಯ ಕೂಡ ಬಂತು ನೋಡಿ, ಎಲ್ಲ ಮುಗಿದ ಮೇಲೆ! ನನ್ನ ತಲೆ ತೆರೆದಿದ್ದರೆಂದು ನೆನೆದು ರಾತ್ರಿ ದೀಪ ಆರಿಸದೆ ಮಲಗಿದೆ. "ಆಗಿಹೋದದ್ದಕ್ಕ ಈಗ ಯಾಕ ಹೆದರ್ತಿ?" ಎಂದು ಶೋಭಾ ನಕ್ಕಳು. ಬಾಕಿ ಇತ್ತಲ್ಲ, ತೀರಿಸುತ್ತಿದ್ದೇನೆ ಎಂದೆ.

ಮುಂದಿನ ಸಲ ದಾವಣಗೆರೆಗೆ ಹೋದಾಗ ಡಾಕ್ಟರನ್ನು ಕೇಳಿದೆ: "ಸಾಹೇಬ್ರ, ನನ್ನ ಸಿಟ್ಟು ತಲಿಯೊಳಗ ಎಲ್ಲಿ ಇತ್ರಿ? ಎಲ್ಲಿಂದ ಬಂತು?"

ಅವರು ನಕ್ಕರು. "ಇಲ್ಲೇ ಅಂತ ಬೆರಳು ಇಡೋಕಾಗಲ್ಲಮ್ಮ. ಅಷ್ಟೂ ಭಾಗ ಒಂದರ ಜೊತೆ ಒಂದು ಮಾತಾಡಬೇಕು. ಹೇಗೆ ಅದರಿಂದ ಮನಸ್ಸಾಗುತ್ತೆ ಅನ್ನೋದು ನಮಗೂ ಪೂರ್ತಿ ಗೊತ್ತಿಲ್ಲ."

ಅಲ್ಲಿಂದ ಬ್ಯಾಡಗಿಯ ನಮ್ಮ ಮನೆಗೆ ಬಸ್ಸಿನಲ್ಲಿ ಬರುತ್ತ ಅದನ್ನೇ ಯೋಚಿಸಿದೆ. ನಾವು ಮನಸ್ಸು ಎಂದಾಗ ಎದೆ ಮುಟ್ಟಿಕೊಳ್ಳುತ್ತೇವೆ, ಹಣೆ ಮುಟ್ಟಿಕೊಂಡರೆ ಹಣೆಬರಹ ಎನ್ನುತ್ತೇವೆ. ನನಗಂತೂ ಎರಡೂ ಒಂದೇ ಕಡೆ ಇದ್ದವು. ಒಂದು ಗಡ್ಡೆ ಒತ್ತಿದರೆ ಸುವರ್ಣಾ ಇಲ್ಲ, ತೆಗೆದರೆ ಸುವರ್ಣಾ ಇದ್ದಾಳೆ. ಹಾಗಾದರೆ ನಾನೆಂದರೆ ಇಷ್ಟೇ ಏನು, ತಲೆಯೊಳಗಿನ ಒಂದು ಮುದ್ದೆ ಮಾಂಸ? ಮೊದಲು ಮನಸ್ಸಿಗೆ ಪಿಚ್ಚೆನಿಸಿತು. ಆಮೇಲೆ ನಮ್ಮ ಮಸಾಲೆ ಖಾರ ನೆನಪಾಯಿತು. ಆ ಘಮ ಎಲ್ಲಿದೆ? ಮೆಣಸಿನಕಾಯಲ್ಲಿದೆಯೇ, ಕೊಬ್ಬರಿಯಲ್ಲಿದೆಯೇ, ಬೆಳ್ಳುಳ್ಳಿಯಲ್ಲಿದೆಯೇ? ಒಂದೊಂದನ್ನೇ ಮೂಸಿದರೆ ಸಿಗುವುದಿಲ್ಲ. ಎಲ್ಲ ಕೂಡಿ, ಬೆಂಕಿ ತಾಗಿ, ಹದ ಬಂದಾಗ ಅದು ಏಳುತ್ತದೆ, ಓಣಿಯ ಕೊನೆಯವರೆಗೂ ಹೋಗುತ್ತದೆ. ಬರೀ ಕಾಯಿ ಕೊಬ್ಬರಿ ಎಂದು ಅದನ್ನು ಯಾರೂ ಹಗುರ ಮಾಡುವುದಿಲ್ಲ. ನನ್ನನ್ನೂ ನಾನು ಹಗುರ ಮಾಡಿಕೊಳ್ಳಬಾರದು ಎನಿಸಿತು. ಮೋಟೆಬೆನ್ನೂರು ದಾಟುವಷ್ಟರಲ್ಲಿ ಸಮಾಧಾನವಾಗಿತ್ತು.

ಮಠಕ್ಕೂ ಹೋಗಿ ಸ್ವಾಮಿಗಳಿಗೆ ಎಲ್ಲ ಹೇಳಿದೆ. ಅವರು ಹೊಟ್ಟೆ ಹಿಡಿದುಕೊಂಡು ನಕ್ಕರು. "ನಾನೂ ನನ್ನ ಪ್ರವಚನದ ಫಲ ಅಂತ ತಿಳಕೊಂಡಿದ್ದೆನವ್ವಾ! ಇನ್ನ ಬಾ. ಈಗ ನಿನ್ನ ಹತ್ತರ ಬಿಡಾಕ ಸಿಟ್ಟು ಐತಿ. ಇದ್ದವರಷ್ಟ ಬಿಡಬೇಕಲ್ಲ?" ಈ ಮಾತು ನನಗೆ ಬಹಳ ಹಿಡಿಸಿತು. ಆದರೆ ಸದ್ಯಕ್ಕೆ ಬಿಡುವ ವಿಚಾರವಿಲ್ಲ ಎಂದು ಹೇಳಿ ಬಂದೆ. ಸೊಸೆಗೆ ಇನ್ನು ಜುಲುಮೆ ಮಾಡಬಾರದೆಂದು ಗಂಗವ್ವನಿಗೂ ತಾಕೀತು ಮಾಡಿದೆ. ಆ ಹುಡುಗಿ ನನಗೆ ಒಂದು ಡಬ್ಬಿ ಕರದಂಟು ತಂದುಕೊಟ್ಟಳು.

ಇದನ್ನೆಲ್ಲ ಯಾಕೆ ಬರೆದೆನೆಂದರೆ, ನನ್ನಂತೆ ಸದ್ದಿಲ್ಲದೆ ಕಳೆದುಹೋದವರು ಇನ್ನೂ ಇರಬಹುದು. ನಿಮ್ಮ ಮನೆಯ ಜಗಳಗಂಟಿ ಒಮ್ಮೆಲೇ ದೇವರಂತಾದರೆ ಆರತಿ ಎತ್ತುವ ಮೊದಲು ಇಂಗಿನ ಡಬ್ಬಿ ಮೂಗಿಗೆ ಹಿಡಿದು ನೋಡಿ. ಆಮೇಲೆ ಡಾಕ್ಟರಿಗೂ ತೋರಿಸಿ.

ಈ ಬೇಸಿಗೆಯಲ್ಲಿ ಮತ್ತೆ ವರ್ಷದ ಖಾರ ಮಾಡಿದೆವು. ಹಿತ್ತಲಲ್ಲಿ ಒಲೆ ಹೂಡಿ, ದೊಡ್ಡ ಬಾಣಲೆ ಇಟ್ಟು, ನಾನು ಸೌಟು ಹಿಡಿದೆ. ಅತ್ತೆ ಪಕ್ಕದಲ್ಲಿ ಕುರ್ಚಿ ಹಾಕಿಸಿಕೊಂಡು ಕುಳಿತರು. ಈಗ ನಮ್ಮ ಮನೆಯಲ್ಲಿ ಮೂಗು ಅವರದು, ಕೈ ನನ್ನದು, ಬಾಯಿ ಇಬ್ಬರದೂ.

"ಆತು, ಇಳಸು" ಎಂದರು.

"ಇನ್ನೂ ಕೆಂಪ ಆಗಿಲ್ರಿ."

"ಮೂಗು ಯಾರದು? ನಂದು. ಇಳಸಂದ್ರ ಇಳಸು."

"ಮೂಗು ನಿಮ್ಮದಾದ್ರ ಕಣ್ಣು ನಂದು ಐತಿ. ತಡೀರಿ ಸ್ವಲ್ಪ."

ಒಳಗೆ ನಮ್ಮ ಮನೆಯವರು ಯಾರದೋ ಕಾಯಿ ಕುಟ್ಟುತ್ತಿದ್ದರು, ಗಿರಣಿ ಧಡಧಡ ಎನ್ನುತ್ತಿತ್ತು. ಬಾಣಲೆಯಿಂದ ಹೊಗೆ ಎದ್ದಿತು. ನನಗೆ ತಡೆಯಲಾಗಲಿಲ್ಲ. "ವಾಸನಿ ಹೆಂಗ ಬರಾಕತ್ತೈತ್ರಿ?" ಎಂದು ಕೇಳಿದೆ.

"ಹೆಂಗಂದ್ರ? ಖಾರದ ವಾಸನಿ ಖಾರದಂಗ ಬರ್ತೈತಿ."

"ಹಂಗಂದ್ರ ನನಗ ಹೆಂಗ ತಿಳೀಬೇಕ್ರಿ?"

ಅತ್ತೆ ನನ್ನ ಮುಖ ನೋಡಿದರು. ಆಮೇಲೆ ಕಣ್ಣು ಮುಚ್ಚಿ, ಮೂಗು ಅರಳಿಸಿ, ಉಸಿರನ್ನು ಒಳಗೆಳೆದುಕೊಂಡರು. ಬಹಳ ಹೊತ್ತು ಬಿಡಲಿಲ್ಲ.

"ನೀ ಮದಿವಿ ಆಗಿ ಬಂದ ವರ್ಷ ಮೊದಲನೇ ಖಾರ ಮಾಡಿದ್ಯಲ್ಲ, ಹಂಗ ಐತಿ."

ಸೌಟು ನನ್ನ ಕೈಯಲ್ಲಿ ನಿಂತಿತು. "ಅದನ್ನ ಎಮ್ಮಿಗೂ ಹಾಕಬ್ಯಾಡ್ರಿ ಅಂದಿದ್ರಿ! ಓಣಿ ಮಂದಿ ಮುಂದ!"

"ಅಂದಿದ್ದೆ." ಅವರು ಕಣ್ಣು ತೆರೆಯಲಿಲ್ಲ. "ಅಂಥಾ ಘಮ ಈ ಓಣಿಯೊಳಗ ಯಾರ ಮನ್ಯಾಗೂ ಎದ್ದಿರಲಿಲ್ಲ. ನನ್ನ ಕೈಲೂ ಎದ್ದಿರಲಿಲ್ಲ. ಹೊಟ್ಟಿಕಿಚ್ಚಾತು. ಅಂದೆ."

ಮೂವತ್ತು ವರ್ಷ! ಮೂವತ್ತು ವರ್ಷ ನಾನು ಆ ಮಾತನ್ನು ಹೊತ್ತುಕೊಂಡು ಜಗಳವಾಡಿದ್ದೆ. ಸಿಟ್ಟು ಬಂತು, ನಗು ಬಂತು, ಅಳು ಬಂತು, ಯಾವುದು ಮೊದಲು ಬಂತೆಂದು ಹೇಳಲಾರೆ. ಮೂರೂ ನನ್ನವೇ.

"ಏ ಹುಚ್ಚಿ, ಕೈ ಆಡಸು, ಸುಡತೈತಿ!"

"ಸುಡಲಿ ಬಿಡ್ರಿ! ಮೊದಲ ಇದರದ್ದು ಇತ್ಯರ್ಥ ಆಗ್ಲಿ!" ಎಂದು ಸೊಂಟಕ್ಕೆ ಸೆರಗು ಸಿಕ್ಕಿಸಿಕೊಂಡು ನಿಂತೆ. ಅತ್ತೆಯೂ ಕುರ್ಚಿಯಿಂದ ಎದ್ದರು. ನಮ್ಮಿಬ್ಬರ ದನಿ ಏರಿದ್ದೇ ತಡ, ಒಳಗೆ ಇವರು ಗಿರಣಿಯನ್ನು ಬಂದ್ ಮಾಡಿದರು, ನಮ್ಮ ಜಗಳ ಕೇಳಲಿಕ್ಕೆ.